ಬಾಯಿ ನನ್ನದು, ಮಾತು ಅಕ್ಕನದು

ಮಾರ್ಚ್ 4, ಮಂಗಳವಾರ

ಸಂಜೆ ಆರೂವರೆ. ಇವತ್ತು ಕೆಲಸಕ್ಕೆ ಹೋಗಿ ಬಂದೆ. ಅಕ್ಕ ಹೋದ ಮೇಲೆ ಇದೇ ಮೊದಲು.

ಮೇಕಪ್ ಕೋಣೆಯಲ್ಲಿ ಯಾರೂ ಏನೂ ಕೇಳಲಿಲ್ಲ. ಮೇಕಪ್ಪಿನವಳು ನನ್ನ ಕಣ್ಣಿನ ಕೆಳಗಿನ ಕಪ್ಪಿಗೆ ಬಣ್ಣ ಹಚ್ಚಿದಳು, ದೂರ ನಿಂತು ನೋಡಿದಳು, ಒರೆಸಿಬಿಟ್ಟಳು. “ಇರ್ಲಿ ಬಿಡಿ ಅಮ್ಮಾ, ದೊಡ್ಡಮ್ಮಂಗೆ ಈ ಕಪ್ಪು ಒಪ್ಪತ್ತೆ” ಅಂದಳು. ನರೆಗೂದಲಿನ ವಿಗ್ ಇಟ್ಟು ಪಿನ್ನು ಚುಚ್ಚುವಾಗ ಮಾತ್ರ ನನ್ನ ತಲೆಯ ಮೇಲೆ ಒಂದು ಕ್ಷಣ ಸುಮ್ಮನೆ ಕೈ ಇಟ್ಟಳು.

ಎಷ್ಟೋ ವರ್ಷದಿಂದ ಒಂದೇ ಧಾರಾವಾಹಿ, ಒಂದೇ ಪಾತ್ರ. ಈಗ ಬೀದಿಯಲ್ಲೂ ನಾನು ದೊಡ್ಡಮ್ಮನೇ. ಇವತ್ತಿನ ದೃಶ್ಯ ಅಡುಗೆಮನೆಯದು. ಒಲೆಯಲ್ಲಿ ಬೆಂಕಿ ಇಲ್ಲ, ಡಬ್ಬಗಳಲ್ಲಿ ಏನೂ ಇಲ್ಲ, ಕಿಟಕಿಯ ಆಚೆ ರಟ್ಟಿನ ಗೋಡೆ. ಅಲ್ಲಿ ನಿಂತು ಸೊಸೆಗೆ ಬೈಯಬೇಕು. ಕ್ಯಾಮೆರಾದ ಹಿಂದಿನಿಂದ ಸಹಾಯಕ ನಿರ್ದೇಶಕ ಒಂದೊಂದೇ ಸಾಲು ಓದುತ್ತಾನೆ, ನಾನು ಅವನ ಬೆನ್ನಿಗೇ ಹೇಳುತ್ತೇನೆ. ಹೇಗೆ ಹೇಳಿದರೂ ನಡೆಯುತ್ತದೆ. ನನ್ನದು ಚಿಕ್ಕಂದಿನಿಂದಲೂ ಒಡಕು ಗಂಟಲು. ಅದನ್ನು ಟಿವಿಯಲ್ಲಿ ಯಾರೂ ಕೇಳಿಲ್ಲ. ಚಿತ್ರೀಕರಣ ಮುಗಿದ ಮೇಲೆ ಮಹಡಿಯ ಡಬ್ಬಿಂಗ್ ಕೋಣೆಯಲ್ಲಿ ಅಕ್ಕ ಕೂತು, ಪರದೆಯ ಮೇಲೆ ನನ್ನ ತುಟಿ ನೋಡಿಕೊಂಡು ತನ್ನ ಧ್ವನಿ ಕೊಡುತ್ತಿದ್ದಳು. ಬಾಯಿ ನನ್ನದು, ಮಾತು ಅವಳದು.

ನಿರ್ದೇಶಕ “ಓಕೆ” ಅಂದ ತಕ್ಷಣ ನಾನು ಮೆಟ್ಟಿಲ ಕಡೆ ಹೊರಟಿದ್ದೆ, ನನ್ನದು ಆಯಿತೆಂದು ಅಕ್ಕನಿಗೆ ಹೇಳುವುದಕ್ಕೆ. ಅರ್ಧ ಹತ್ತಿದ ಮೇಲೆ ನೆನಪಾಯಿತು. ಇಳಿದು ಬಂದೆ.

ಇನ್ನು ಸ್ವಲ್ಪ ಹೊತ್ತಿಗೆ ಪಕ್ಕದ ಮನೆಯ ಟಿವಿಯಲ್ಲಿ ಧಾರಾವಾಹಿ ಶುರುವಾಗುತ್ತದೆ. ಅಕ್ಕ ಮುಂಚೆಯೇ ಮಾತು ಮುಗಿಸಿಟ್ಟ ಸಂಚಿಕೆಗಳು ಇನ್ನೂ ಉಳಿದಿವೆ. ಗೋಡೆ ತೆಳು, ಎಲ್ಲ ಕೇಳಿಸುತ್ತದೆ. ನಾನು ಅಷ್ಟರಲ್ಲಿ ಹೊರಗೆ ಹೋಗಿ ನಡೆದುಕೊಂಡು ಬರುತ್ತೇನೆ.

ನಾಳೆ ಎರಡು ದೃಶ್ಯ. ಎರಡರಲ್ಲೂ ಬೈಯುವುದೇ.

ಮಾರ್ಚ್ 5, ಬುಧವಾರ

ಬೈದೆ.

ಫೋನು ತುಂಬ ಸಲ ಬಡಿದುಕೊಂಡಿತು. ಎತ್ತಲಿಲ್ಲ. ಫೋನು ಎತ್ತುತ್ತಿದ್ದವಳು ಅಕ್ಕ. ನಾನು ಪಕ್ಕದಲ್ಲಿ ನಿಂತು ತಲೆ ಆಡಿಸುತ್ತಿದ್ದೆ, ಅವಳು ಅದನ್ನು ಮಾತು ಮಾಡಿ ಆ ಕಡೆಯವರಿಗೆ ಹೇಳುತ್ತಿದ್ದಳು.

ಮಾರ್ಚ್ 8, ಶನಿವಾರ

ಮಧ್ಯಾಹ್ನ. ರಜೆ. ಅಕ್ಕನ ಮಗಳು ಬಂದಿದ್ದಳು. ಶಾಲೆಯಲ್ಲಿ ಪಾಠ ಹೇಳುತ್ತಾಳೆ, ಮನೆಗೆ ಬಂದರೂ ಅದೇ ಧಾಟಿ. “ಚಿಕ್ಕಮ್ಮಾ, ಬೆಳಗ್ಗೆ ಏನ್ ತಿಂದ್ರಿ? ಸುಳ್ಳು ಹೇಳ್ಬೇಡಿ, ಸಿಂಕಿನಲ್ಲಿ ಒಂದು ತಟ್ಟೆನೂ ಇಲ್ಲ.” ಅನ್ನ ಮಾಡಿ ಹಾಕಿದಳು. ತಿಂದೆ.

ಅಕ್ಕನ ಬಟ್ಟೆಗಳನ್ನು ಎತ್ತಿಡೋಣ ಎಂದು ಬೀರು ತೆಗೆದೆವು. ಬಸ್ ನಿಲ್ದಾಣದ ನೀಲಿ ಕೋಟು ಸಿಕ್ಕಿತು. ಅವಳು ಮೊದಲು ಅಲ್ಲಿ ಅನೌನ್ಸ್ ಮಾಡುತ್ತಿದ್ದಳು. ಯಾವ ಬಸ್ಸು ಎಲ್ಲಿ ನಿಂತಿದೆ, ಯಾವುದು ತಡ, ಯಾರ ಮಗು ಕಳೆದುಹೋಗಿದೆ. ಅವಳು ಹೇಳಿದರೆ ಬಸ್ಸು ತಪ್ಪಿದವರಿಗೂ ಸಿಟ್ಟು ಬರುತ್ತಿರಲಿಲ್ಲ ಎಂದು ಅವಳೇ ಜಂಬ ಕೊಚ್ಚಿಕೊಳ್ಳುತ್ತಿದ್ದಳು. ನಾನು ಆಗ ಸ್ಟುಡಿಯೋದ ಬಟ್ಟೆ ಕೋಣೆಯಲ್ಲಿ ಹೊಲಿಗೆ ಹಾಕುತ್ತಿದ್ದೆ. ಒಂದು ದಿನ ನೆರೆಮನೆಯಾಕೆಯ ಪಾತ್ರದವಳು ಬರಲಿಲ್ಲ. ಅವಳ ಅಳತೆಗೆ ಹೊಲಿದ ಬಟ್ಟೆ ನನಗೆ ಸರಿಹೋಗುತ್ತಿತ್ತು. ನಟಿಯಾದದ್ದು ಹೀಗೆ, ಅಳತೆಯ ಮೇಲೆ.

ಮುಖ ಪರವಾಗಿಲ್ಲ, ಧ್ವನಿ ಮಾತ್ರ ಕಬ್ಬಿಣದ ಕುರ್ಚಿ ಎಳೆದ ಹಾಗಿದೆ ಎಂದು ಆಗಿನ ನಿರ್ದೇಶಕ ಎಲ್ಲರೆದುರು ಅಂದ. ನನ್ನನ್ನು ಕರೆದುಕೊಂಡು ಹೋಗಲು ಬಂದಿದ್ದ ಅಕ್ಕ ಬಾಗಿಲಲ್ಲೇ ನಿಂತು, “ಕುರ್ಚಿ ಹಂಗೇ ಇರ್ಲಿ ಸಾರ್, ಮಾತು ನಾನು ಹೇಳ್ಲಾ?” ಅಂದಳಂತೆ. ಅಂದಳಂತೆ ಏನು, ನಾನೇ ಕೇಳಿದ್ದೇನೆ. ಆದರೆ ಈ ಕಥೆಯನ್ನು ಅವಳ ಬಾಯಲ್ಲಿ ಅಷ್ಟು ಸಲ ಕೇಳಿ ಕೇಳಿ ಈಗ ನಾನು ಅಲ್ಲಿ ಇರಲೇ ಇಲ್ಲವೇನೋ ಅನ್ನಿಸುತ್ತದೆ.

ಕೋಟನ್ನು ಮಗಳು ತೆಗೆದುಕೊಂಡು ಹೋದಳು. ಬೀರು ಅರ್ಧ ಖಾಲಿ. ಅದರ ಬಾಗಿಲು ಈಗ ತಾನಾಗಿ ತೆರೆದುಕೊಳ್ಳುತ್ತಿದೆ, ಕಾಗದ ಮಡಚಿ ಸಿಕ್ಕಿಸಿದ್ದೇನೆ.

ಮಾರ್ಚ್ 11, ಮಂಗಳವಾರ

ಸಂಜೆ ಐದು. ಚಾನೆಲ್ಲಿನ ಮೇಡಂ ಕರೆಸಿದ್ದರು. ಗಾಜಿನ ಕೋಣೆ, ಎಸಿ ಎಷ್ಟು ತಂಪೆಂದರೆ ಕುಡಿಯಲು ಕೊಟ್ಟ ಟೀ ತುಟಿಗೆ ಹೋಗುವಷ್ಟರಲ್ಲಿ ಆರಿತ್ತು. ನಿರ್ದೇಶಕ ಇದ್ದ, ಧ್ವನಿ ಮುದ್ರಿಸುವ ಇಂಜಿನಿಯರ್ ಇದ್ದ. ಇವನನ್ನು ಎಲ್ಲರೂ ಕಿವಿ ಎಂದೇ ಕರೆಯುವುದು. ಅಕ್ಕನಿಗೆ ಅವನೆಂದರೆ ಪ್ರಾಣ. ದಿನವೂ ಇಬ್ಬರಿಗೂ ಜಗಳ.

ಮೇಡಂ ಸುತ್ತಿ ಬಳಸಿ ಮಾತಾಡುವವರಲ್ಲ. “ಅಮ್ಮ, ಅಕ್ಕೋರು ಮಾತು ಮುಗಿಸಿದ್ದ ಸಂಚಿಕೆ ಮುಂದಿನ ವಾರಕ್ಕೆ ಖಾಲಿ. ಬೇರೆ ಮೂರು ಜನರ ಧ್ವನಿ ಹಾಕಿ ನೋಡಿದ್ವಿ. ಆಫೀಸ್ ಹುಡುಗೀರೇ ಒಪ್ಪಲಿಲ್ಲ, ಇದ್ಯಾರು ದೊಡ್ಡಮ್ಮನ ಮೈಮೇಲೆ ಬಂದಿರೋದು ಅಂದ್ರು. ಈಗ ಒಂದೇ ದಾರಿ. ಹಳೇ ರೆಕಾರ್ಡಿಂಗ್ ಎಲ್ಲ ಕಂಪ್ಯೂಟರಿಗೆ ಕೊಟ್ರೆ ಅದು ಅಕ್ಕೋರ ಧ್ವನಿಲೇ ಹೊಸ ಮಾತು ಹೇಳುತ್ತೆ. ಕೇಳಿಸ್ತಾ?”

ತಲೆ ಆಡಿಸಿದೆ.

“ಧ್ವನಿ ಇಲ್ಲ ಅಂದ್ರೆ ಪಾತ್ರ ಇಲ್ಲ. ಅದೂ ನಿಮಗೆ ಗೊತ್ತು.”

ತಲೆ ಆಡಿಸಿದೆ.

“ಸರಿ ಹಾಗಾದ್ರೆ, ಅಮ್ಮ ಒಪ್ಪಿದ್ರು” ಎಂದು ಮೇಡಂ ಎದ್ದರು. ನಿರ್ದೇಶಕನೂ ಎದ್ದ. ಕಿವಿ ಮಾತ್ರ ಕೂತೇ ಇದ್ದು ನನ್ನ ಮುಖ ನೋಡಿದ. ನಾನು ಒಪ್ಪಿದೆನೇ? ಅಕ್ಕ ಇದ್ದಿದ್ದರೆ ನನ್ನ ತಲೆ ಹೇಗೆ ಆಡಿತು ಎಂಬುದನ್ನು ನೋಡಿ ಹೇಳುತ್ತಿದ್ದಳು.

ನಾಳೆ ಎಂಟಕ್ಕೆ ವ್ಯಾನು ಬರುತ್ತದೆ.

ಮಾರ್ಚ್ 12, ಬುಧವಾರ

ಅಕ್ಕನ ಮಗಳಿಂದ ಸಂದೇಶ: “ಚಿಕ್ಕಮ್ಮಾ, ಸ್ಟುಡಿಯೋದವರು ಫೋನ್ ಮಾಡಿದ್ರು. ಅಮ್ಮನ ಧ್ವನಿ ನನಗಿಂತ ಜಾಸ್ತಿ ನಿಮ್ಮ ಬಾಯಲ್ಲೇ ಇದ್ದಿದ್ದು. ನೀವು ಏನ್ ಹೇಳ್ತೀರೋ ನಾನೂ ಅದೇ.”

ನಾನು ಏನೂ ಹೇಳುವವಳಲ್ಲ ಎಂದು ಅವಳಿಗೆ ಗೊತ್ತಿಲ್ಲವೇ. ಉತ್ತರ ಬರೆದು ಅಳಿಸಿದೆ.

ಇಲ್ಲಿಯಾದರೂ ನಿಜ ಬರೆಯಬೇಕು. ನನಗೆ ಬೇಕು. ಯಂತ್ರವೋ ಮಂತ್ರವೋ, ಅಕ್ಕ ಮಾತಾಡಿದರೆ ಸಾಕು.

ಮಾರ್ಚ್ 15, ಶನಿವಾರ

ಸಂಜೆ ಏಳು ದಾಟಿದೆ. ಇವತ್ತು ಕೇಳಿದೆ.

ಕಿವಿ ಕೋಣೆಯ ಬಾಗಿಲು ಹಾಕಿ, ನನ್ನನ್ನು ಅಕ್ಕನ ಸ್ಟೂಲಿನ ಮೇಲೆ ಕೂರಿಸದೆ ತನ್ನ ಕುರ್ಚಿಯಲ್ಲಿ ಕೂರಿಸಿ, ತಾನು ನಿಂತ. ಕೀಬೋರ್ಡಿನಲ್ಲಿ ಏನೋ ಟೈಪ್ ಮಾಡಿದ. ಸ್ಪೀಕರಿನಿಂದ ಅಕ್ಕ, “ಬನ್ನಿ ಬನ್ನಿ, ಬಿಸಿಲಲ್ಲಿ ಬಂದಿದ್ದೀರಿ, ಮೊದಲು ಕೂತ್ಕೊಳ್ಳಿ” ಅಂದಳು.

ಅವಳೇ. ‘ಕೂತ್ಕೊಳ್ಳಿ’ ಅನ್ನುವಾಗ ಕೊನೆಗೆ ಬರುವ ಆ ಸಣ್ಣ ನಗು ಕೂಡ. ನಾನು ಬೆರಳು ತಿರುಗಿಸಿ ಇನ್ನೊಂದು ಸಲ ಎಂದು ತೋರಿಸಿದೆ. ಮತ್ತೆ ಹಾಕಿದ. ಮತ್ತೆ ತೋರಿಸಿದೆ. ಅವನು ಬೇಸರವಿಲ್ಲದೆ ಹಾಕಿದ.

ಆಮೇಲೆ ಅಂದ: “ಅಮ್ಮಾ, ಗಂಟಲು ಅಕ್ಕೋರದ್ದೇ, ಅದರಲ್ಲಿ ಮಾತಿಲ್ಲ. ಆದ್ರೆ ಬೆಳಗಿಂದ ಕೆಲಸ ಮಾಡ್ತಿದ್ದೀನಿ, ಒಂದ್ಸಲಾನೂ ನನಗೆ ಬೈಲಿಲ್ಲ ನೋಡಿ. ಫ್ಯಾನ್ ಜಾಸ್ತಿ ಅನ್ನಲಿಲ್ಲ, ಹೆಡ್‌ಫೋನ್ ವಾಸನೆ ಅನ್ನಲಿಲ್ಲ, ನಿನ್ನ ಕಿವಿ ಕಿತ್ತು ಸಂತೇಲಿ ಮಾರ್ತೀನಿ ಅನ್ನಲಿಲ್ಲ. ಏನ್ ಟೈಪ್ ಮಾಡಿದ್ರೆ ಅದನ್ನ ಹೇಳುತ್ತೆ.” ನಗಿಸಲು ಹೇಳಿದ್ದು. ಅವನೇ ನಗಲಿಲ್ಲ.

ನಾನು ಹಗುರಾಗಿ ಮನೆಗೆ ಬಂದೆ. ದಾರಿಯಲ್ಲಿ ಹಣ್ಣು ಕೂಡ ಕೊಂಡೆ. ತೂಕದಲ್ಲಿ ಮೋಸ ಇತ್ತು ಅನ್ನಿಸಿತು, ಸುಮ್ಮನೆ ಬಂದೆ.

ಮಾರ್ಚ್ 17, ಸೋಮವಾರ

ಸಂಜೆ ಆರು. ಹೊಸ ಕಂತಿನ ಮಾತುಗಳು ಬಂದಿವೆ. ನೋಡುವವರು ಕಡಿಮೆಯಾಗಿದ್ದಾರಂತೆ, ಹಾಗಾಗಿ ದೊಡ್ಡಮ್ಮ ಮತ್ತೆ ಕೆಟ್ಟವಳಾಗಬೇಕಂತೆ. ಸೊಸೆಗೆ ಮಕ್ಕಳಾಗಿಲ್ಲ ಎಂದು ಮನೆಯಿಂದ ಹೊರಗೆ ಹಾಕಬೇಕು. ಸಹಾಯಕ ನಿರ್ದೇಶಕ ಓದಿದ: “ಏ ಬಂಜೆ, ನನ್ನ ಹೊಸ್ತಿಲು ದಾಟು.” ನಾನೂ ಅವನ ಹಿಂದೆ ಹೇಳಿದೆ. ಬಾಯಿ ಆಡಿತು. ಒಂದೇ ಟೇಕಿಗೆ ಓಕೆ.

ಆ ಪದ ನನಗೆ ಹೊಸದಲ್ಲ. ಗಂಡನ ಮನೆಯಲ್ಲಿದ್ದಷ್ಟು ಕಾಲ ಅದೇ ನನ್ನ ಹೆಸರು. ಅತ್ತೆ ಪಾತ್ರೆ ಎತ್ತಿಡು ಅನ್ನಬೇಕಾದರೂ ಮೊದಲು ಅದನ್ನು ಸೇರಿಸಿಯೇ ಹೇಳುತ್ತಿದ್ದರು. ನಾನು ಎದುರು ಆಡಲಿಲ್ಲ. ಬಾಯಿ ಸತ್ತವಳು ಎಂದು ಅದಕ್ಕೂ ಬೈಸಿಕೊಂಡೆ. ಒಂದು ದಿನ ಅಕ್ಕ ಬಂದಿದ್ದಾಗ ಅವಳ ಎದುರೇ ಅಂದರು. ಅಕ್ಕ ಕೈಯಲ್ಲಿದ್ದ ಲೋಟ ಕೆಳಗಿಟ್ಟು, ನನ್ನ ಕಡೆ ತಿರುಗಿ, “ಬಾರೇ” ಅಂದಳು. ಅಷ್ಟೇ. ಉಟ್ಟ ಬಟ್ಟೆಯಲ್ಲಿ ಅವಳ ಹಿಂದೆ ಬಂದೆ. ಆಮೇಲೆ ಇಬ್ಬರೂ ಆ ವಿಷಯ ಎತ್ತಲಿಲ್ಲ.

ಧಾರಾವಾಹಿ ಶುರುವಾದ ಕಾಲಕ್ಕೂ ದೊಡ್ಡಮ್ಮ ಕೆಟ್ಟವಳೇ. ಸೊಸೆಗೆ ಇದೇ ಬೈಗುಳ ಬರೆದಿದ್ದರು. ಕ್ಯಾಮೆರಾ ಮುಂದೆ ನಾನು ಹೇಳಿದೆ, ಹೇಳಿದ್ದು ಯಾರಿಗೂ ಕೇಳುವುದಿಲ್ಲವಲ್ಲ. ಡಬ್ಬಿಂಗಿನಲ್ಲಿ ತುಟಿ ಮುಚ್ಚಿದ ಕಡೆ ತುಟಿ ಮುಚ್ಚುವ ಅಕ್ಷರವೇ ಬೇಕು, ಇಲ್ಲದಿದ್ದರೆ ನೋಡುವವರಿಗೆ ಬೇರೆ ಯಾರೋ ಮಾತಾಡಿದ ಹಾಗೆ ಕಾಣುತ್ತದೆ. ಅಕ್ಕ ‘ಬಂಜೆ’ ಎಂಬ ಪದ ಇದ್ದ ಜಾಗದಲ್ಲಿ ‘ಬಾರೇ’ ಎಂದು ಹೇಳಿ ಬಿಟ್ಟಿದ್ದಳು. ಏ ಬಾರೇ, ಇಲ್ಲಿ ನಿಲ್ಲು. ಏ ಬಾರೇ, ಏನು ನೋಡ್ತಿದ್ದೀಯ. ಬೈಗುಳ ಎಲ್ಲಿ ಹೋಯ್ತು ಎಂದು ನಿರ್ದೇಶಕ ಕೂಗಾಡಿದ. “ತುಟಿಗೆ ಕೂತಿದೆಯಾ ಇಲ್ವಾ, ಅದನ್ನ ನೋಡಿ ಸಾರ್” ಅಂದಳು ಅಕ್ಕ.

ಕೂತಿತ್ತು. ಕಣ್ಣಿನಲ್ಲಿ ಬೆಂಕಿ, ಮಾತಿನಲ್ಲಿ ಬಾರೇ. ಜನ ನಕ್ಕರು, ಆಮೇಲೆ ಮೆಚ್ಚಿದರು. ಮೇಲೆ ಉರಿ ಒಳಗೆ ತಂಪು, ಇಂಥ ದೊಡ್ಡಮ್ಮ ಎಲ್ಲರ ಮನೆಯಲ್ಲೂ ಒಬ್ಬಳಿದ್ದಾಳೆ ಎಂದರು. ಬರೆಯುವವರೂ ಹಾದಿ ಬದಲಿಸಿದರು. ಬಸ್ಸಿನಲ್ಲಿ, ಅಂಗಡಿಯಲ್ಲಿ ಹೆಣ್ಣುಮಕ್ಕಳು ನನ್ನ ಹತ್ತಿರ ಬಂದು, ದೊಡ್ಡಮ್ಮಾ ಒಂದ್ಸಲ ಬಾರೇ ಅನ್ನಿ ಎಂದು ಕೇಳುತ್ತಾರೆ. ನಾನು ಗಂಟಲು ಮುಟ್ಟಿಕೊಂಡು ನೆಗಡಿ ಎಂದು ಸನ್ನೆ ಮಾಡುತ್ತೇನೆ.

ನಾಳೆ ಇವತ್ತಿನ ದೃಶ್ಯಕ್ಕೆ ಧ್ವನಿ ಕೂಡಿಸುತ್ತಾರೆ. ಕೇಳಲು ಬನ್ನಿ ಎಂದಿದ್ದಾರೆ.

ಮಾರ್ಚ್ 18, ಮಂಗಳವಾರ

ಅಕ್ಷರ ಸೊಟ್ಟಗೆ ಬರುತ್ತಿದೆ, ಬರಲಿ.

ಮೇಡಂ, ನಿರ್ದೇಶಕ, ಕಿವಿ, ನಾನು. ಪರದೆಯ ಮೇಲೆ ನನ್ನ ಮುಖ. ಅಕ್ಕನ ಧ್ವನಿ ಸ್ಪಷ್ಟವಾಗಿ, ತುಟಿಗೆ ಸರಿಯಾಗಿ, “ಏ ಬಂಜೆ, ನನ್ನ ಹೊಸ್ತಿಲು ದಾಟು” ಅಂದಿತು.

ಅಕ್ಕ ಜೀವದಲ್ಲಿ ಆ ಪದವನ್ನು ಬಾಯಿಗೆ ತಂದವಳಲ್ಲ. ಬೇರೆಯವರ ವಿಷಯ ಹೇಳುವಾಗಲೂ ಮಕ್ಕಳಿಲ್ಲದವಳು ಎಂದೂ ಅನ್ನದೆ ಬರೀ ಹೆಸರು ಹೇಳುತ್ತಿದ್ದಳು.

“ತೆಗೀರಿ” ಅಂದೆ.

ಮೂವರೂ ಸುತ್ತ ನೋಡಿದರು. ಯಾರು ಮಾತಾಡಿದ್ದು ಎಂದು ನಿರ್ದೇಶಕನಿಗೆ ನಿಜಕ್ಕೂ ಗೊತ್ತಾಗಲಿಲ್ಲ.

“ತೆಗೀರಿ ಅದನ್ನ. ನಮ್ಮಕ್ಕ ಹಾಗೆ ಮಾತಾಡಲ್ಲ.”

ಮೇಡಂ ಹೇಳಿದರು, “ಅಮ್ಮಾ, ನೀವೇ ಒಪ್ಪಿದ್ರಲ್ಲ. ತಲೆ ಆಡಿಸಿದ್ರಿ, ನಾವೆಲ್ಲ ನೋಡಿದ್ವಿ.”

“ಕೇಳಿಸ್ತಾ ಅಂದ್ರಿ, ಕೇಳಿಸ್ತು ಅಂತ ಆಡಿಸ್ದೆ. ಒಪ್ಪಿದೆ ಅಂತ ಅಲ್ಲ.”

“ಬರೀ ಒಂದು ಪದ ತಾನೇ? ಬದಲಾಯಿಸೋಣ.”

“ಇವತ್ತು ಈ ಪದ. ನಾಳೆ ನಾನಿಲ್ಲದಾಗ ಏನೇನು ಹೇಳಿಸ್ತೀರೋ. ಅವಳಿಗೆ ಬೇಡ ಅನ್ನೋಕೆ ಆಗಲ್ಲ ಈಗ. ಬೇಡ. ಅವಳ ಮಗಳೂ ಬೇಡ ಅಂತಾಳೆ.”

ಮಗಳು ಇನ್ನೂ ಹಾಗೆ ಹೇಳಿರಲಿಲ್ಲ. ಹೊರಗೆ ಬಂದು ಫೋನ್ ಮಾಡಿ ಹೇಳಿದೆ. ಅವಳು “ಯಾರ್ರೀ ಮಾತಾಡ್ತಿರೋದು?” ಎಂದು ಕೇಳಿದಳು. ಚಿಕ್ಕಮ್ಮ ಅಂದೆ. ಅಳತೊಡಗಿದಳು. ಬೇಡ ಅಂತಲೇ ನಾನೂ ಅಂದುಕೊಂಡಿದ್ದೆ, ನಿಮಗೆ ಬೇಕೇನೋ ಅಂತ ಬಾಯಿ ಬಿಡಲಿಲ್ಲ ಅಂದಳು.

ನಾಳೆ ಮೇಡಂ ಏನು ಎಂದು ತಿಳಿಸುತ್ತಾರೆ.

ಮಾರ್ಚ್ 19, ಬುಧವಾರ

ತಿಳಿಸಿದರು. ದೊಡ್ಡಮ್ಮನಿಗೆ ಅಪಘಾತ. ಕೋಮಾ.

ನಿರ್ದೇಶಕ ತಲೆ ಕೆರೆದುಕೊಳ್ಳುತ್ತ, “ಈ ಎರಡು ವಾರ ತೆಗೆದಿದ್ರಲ್ಲಿ ನಿಮ್ಮ ಮಾತೆಲ್ಲ ಕತ್ತರಿಸ್ತೀನಿ ಅಮ್ಮಾ, ಮುಖ ಮಾತ್ರ ಇಡ್ತೀನಿ. ನಿಮ್ಮ ಕಣ್ಣೇ ಸಾಕು ಬೈಯೋಕೆ” ಅಂದ. ಪಾಪ, ಅದು ಅವನ ಸಮಾಧಾನ. ಕೋಮಾ ಎಂದರೆ ಏನೆಂದು ಈ ಕೆಲಸದಲ್ಲಿರುವ ಎಲ್ಲರಿಗೂ ಗೊತ್ತು. ಕೆಲವು ವಾರ ಮಲಗಿಸುತ್ತಾರೆ, ಜನ ಮರೆತರೆ ಎಬ್ಬಿಸುವುದಿಲ್ಲ.

ಆಯಾಸ. ಊಟ ಮಾಡಿ ಮಲಗುತ್ತೇನೆ.

ಮಾರ್ಚ್ 21, ಶುಕ್ರವಾರ

ಸಂಜೆ ಏಳೂವರೆ. ಬೆಳಗ್ಗೆಯಿಂದ ಮಲಗುವ ಕೆಲಸ.

ಆಸ್ಪತ್ರೆಯ ಸೆಟ್ಟು. ಬಿಳಿ ಪರದೆ, ಬೀಪ್ ಅನ್ನದ ಯಂತ್ರ, ಬೀಪ್ ಆಮೇಲೆ ಸೇರಿಸುತ್ತಾರೆ. ಸೊಸೆಯ ಪಾತ್ರದ ಹುಡುಗಿ ಹಾಸಿಗೆಯ ಪಕ್ಕ ಕೂತು ಗೊಣಗಿದಳು, “ಅತ್ತೆಗೊಂದು ಕಾಲ ಸೊಸೆಗೊಂದು ಕಾಲ ಅಂತಾರೆ, ಇದ್ಯಾವ ಕಾಲ ಆಂಟೀ? ನೀವು ಹಾಯಾಗಿ ಮಲಗ್ತೀರಿ, ನಾನು ಮೂರು ಪುಟ ಅಳ್ಬೇಕು.” ನಿಜ, ನಾನು ಹಾಯಾಗಿಯೇ ಮಲಗಿಬಿಟ್ಟಿದ್ದೆ. ಅವಳು ಅತ್ತು ಅತ್ತು ಮುಖ್ಯ ಮಾತಿಗೆ ಬಂದಾಗ ಗೊರಕೆ ಹೊಡೆದೆನಂತೆ. “ಕಟ್! ಕೋಮಾದಲ್ಲಿ ಯಾರಮ್ಮಾ ಗೊರಕೆ ಹೊಡಿಯೋದು?” ಎಂದು ನಿರ್ದೇಶಕ. ಎಲ್ಲರೂ ನಕ್ಕರು. ನಾನೂ ನಕ್ಕೆ. ಆಮೇಲೆ, ಅಕ್ಕ ಹೋಗಿ ಇನ್ನೂ ಇಷ್ಟೇ ದಿನ, ನಕ್ಕದ್ದು ಸರಿಯೇ ಎಂದು ಅನ್ನಿಸಿತು.

ಗಂಟಲಿನ ಪೈಪು ನಿಜವಾಗಿ ಕಾಣಲಿ ಎಂದು ಒಬ್ಬ ನರ್ಸನ್ನು ಕರೆಸಿದ್ದರು. ತುಟಿಯ ಅಂಚಿಗೆ ಟೇಪು ಅಂಟಿಸುತ್ತ ಅವಳು ಹರಟುತ್ತಿದ್ದಳು. “ಸುಮ್ನೆ ಹೊರಗಡೆ ಅಂಟಿಸ್ತೀನಿ ದೊಡ್ಡಮ್ಮಾ, ಹೆದರ್ಬೇಡಿ. ನಿಜವಾಗ್ಲೂ ಹಾಕಿದ್ರೆ ತೆಗೆದ ಮೇಲೂ ವಾರಗಟ್ಟಲೆ ಗಂಟಲು ಒಡೆದಿರುತ್ತೆ. ನಮ್ಮ ವಾರ್ಡಲ್ಲಿ ಒಬ್ರಿಗೆ ಹಂಗೇ ಉಳ್ಕೊಂಡುಬಿಡ್ತು. ಹಾಡ್ತಿದ್ದವರು, ಕಪ್ಪೆ ಥರ ಆಗೋದ್ರು.”

ಬಾಯಿಗೆ ಟೇಪು ಇದ್ದುದರಿಂದ ಆಗ ಏನೂ ಹೇಳಲಿಲ್ಲ. ಮಧ್ಯಾಹ್ನ ಊಟ ಬಿಟ್ಟು ನಿರ್ದೇಶಕನ ಹಿಂದೆ ಹೋದೆ.

“ಸಾರ್, ದೊಡ್ಡಮ್ಮ ಎದ್ದ ಮೇಲೆ ಅವಳ ಗಂಟಲು ಒಡೆದಿರಬಹುದಲ್ವಾ? ಪೈಪಿಂದ.”

“ಇರಬಹುದು. ಅದಕ್ಕೆ?”

“ನನ್ನದು ಮೊದಲೇ ಒಡೆದಿದೆ.”

ಅವನು ತುತ್ತು ಹಿಡಿದ ಕೈ ಹಾಗೇ ನಿಲ್ಲಿಸಿ, “ಇದನ್ನ ನಿಮಗೆ ಯಾರು ಹೇಳ್ಕೊಟ್ರು?” ಎಂದು ಕೇಳಿದ. ನರ್ಸು ಎಂದೆ. ಮೇಡಂಗೆ ಹೇಳಿ ನೋಡ್ತೀನಿ ಅಂದ.

ಈಗ ಟಿವಿ ನೋಡಿ ಬರೆಯಲು ಕೂತಿದ್ದೇನೆ. ಅಕ್ಕ ಮಾತಾಡಿದ ಕೊನೆಯ ಸಂಚಿಕೆ ಇವತ್ತು. ಇಷ್ಟು ದಿನ ಬೀದಿ ಸುತ್ತಿದವಳು ಇವತ್ತು ನಮ್ಮ ಟಿವಿಯನ್ನೇ ಹಾಕಿಕೊಂಡು ಎದುರು ಕೂತೆ. ಕೊನೆಗೆ ಏನಾದರೂ ದೊಡ್ಡ ಮಾತು ಇರುತ್ತದೇನೋ ಅಂದುಕೊಂಡಿದ್ದೆ. ಇರಲಿಲ್ಲ. ಮನೆಯವರೆಲ್ಲ ಹೊರಗೆ ಹೊರಟಿದ್ದಾರೆ, ದೊಡ್ಡಮ್ಮ ಹಿಂದಿನಿಂದ ಕೂಗುತ್ತಾಳೆ: “ಬಾಗಿಲು ಮುಂದೆ ಎಳ್ಕೊಳ್ಳಿ, ಗಾಳಿ ಬರ್ತಿದೆ.” ಅಷ್ಟೇ. ಆಮೇಲೆ ಸೋಪಿನ ಜಾಹೀರಾತು.

ನಾನು ಎದ್ದು ಬಾಗಿಲು ಹಾಕಿದೆಯೋ ಎಂದು ನೋಡಿ ಬಂದೆ. ಹಾಕಿತ್ತು.

ಮಾರ್ಚ್ 25, ಮಂಗಳವಾರ

ಸಂಜೆ ಆರು. ಪರೀಕ್ಷೆಗೆ ಕರೆದಿದ್ದರು. ಹಳೆಯ ಒಂದು ದೃಶ್ಯಕ್ಕೆ ನನ್ನ ಧ್ವನಿಯಲ್ಲೇ ಮಾತು ಕೂಡಿಸಿ ಕಳಿಸಬೇಕು, ಮೇಡಂ ಕೇಳಿ ಹೇಳುತ್ತಾರೆ.

ಅಕ್ಕನ ಸ್ಟೂಲು ನನಗೆ ಎತ್ತರ, ಕಾಲು ನೆಲಕ್ಕೆ ಸಿಗಲಿಲ್ಲ. ಮೈಕಿನ ಎದುರು ಬಾಯಿ ತೆರೆದೆ, ಅಷ್ಟರಲ್ಲಿ ಪರದೆಯ ಮೇಲಿನ ನಾನು ಮಾತು ಮುಗಿಸಿದ್ದೆ. ಮತ್ತೆ. ಈ ಸಲ ನಾನು ಮೊದಲು ಮುಗಿಸಿದೆ, ಅವಳು ಇನ್ನೂ ಬಾಯಿ ಆಡಿಸುತ್ತಿದ್ದಳು. ಮತ್ತೆ. ಮತ್ತೆ.

“ಇದೇನೋ ಕಿವಿ, ಈ ಹೆಂಗಸು ಹಿಡಿತಕ್ಕೇ ಸಿಗಲ್ವಲ್ಲೋ” ಅಂದೆ.

ಅವನು ಗಾಜಿನ ಆಚೆಯಿಂದ ನಗುತ್ತ, “ನೀವು ಮಾತು ಮುಗಿದ ಮೇಲೂ ತುಟಿ ಆಡಿಸ್ತೀರಿ ಅಮ್ಮಾ, ಮುಂದಿನ ಸಾಲು ನೆನಪು ಮಾಡ್ಕೊಳ್ತಾ. ಪ್ರತಿ ಸಲ. ಆ ಸಂದಿಗೆಲ್ಲ ಅಕ್ಕೋರು ಏನಾದ್ರೂ ತುಂಬಿಸೋರು. ‘ಹೂಂ ಮತ್ತೆ’, ‘ಅಯ್ಯೋ ರಾಮಾ’, ‘ಬಿಡು ಬಿಡು’. ಬರೆದಿದ್ದಕ್ಕಿಂತ ಅದೇ ಜಾಸ್ತಿ ಇರ್ತಿತ್ತು” ಅಂದ.

ನನ್ನ ಬಾಯಿ ಇಷ್ಟು ಕಷ್ಟದ್ದೆಂದು ಅಕ್ಕ ಒಂದು ದಿನವೂ ಹೇಳಲಿಲ್ಲ. ಮನೆಗೆ ಬಂದು ಕಾಲು ಚಾಚಿ, ಸುಸ್ತು ಕಣೇ ಅನ್ನುತ್ತಿದ್ದಳು. ಬಸ್ಸಿನಲ್ಲಿ ನಿಂತು ಬಂದದ್ದಕ್ಕೆ ಅಂದುಕೊಳ್ಳುತ್ತಿದ್ದೆ.

ಸ್ಟೂಲಿನಿಂದ ಇಳಿದು ನೆಲದ ಮೇಲೆ ಸ್ವಲ್ಪ ಹೊತ್ತು ಕೂತೆ. ಕಿವಿ ಒಳಗೆ ಬರಲಿಲ್ಲ, ದೀಪ ಸಣ್ಣದು ಮಾಡಿದ. ಆಮೇಲೆ 'ಶುರು ಮಾಡು' ಅಂದೆ. ಸಂಜೆಯ ಹೊತ್ತಿಗೆ ಒಂದು ದೃಶ್ಯ ಆಯಿತು. ಕಬ್ಬಿಣದ ಕುರ್ಚಿಯೇ, ಆದರೆ ಎಳೆದದ್ದು ಸರಿಯಾದ ಜಾಗಕ್ಕೆ.

ಕಳಿಸುವ ಮುಂಚೆ ಮೇಡಂಗೆ ನಾನೇ ಫೋನ್ ಮಾಡಿದೆ. “ಧ್ವನಿ ಹಿಡಿಸದಿದ್ರೆ ಬಿಡಿ. ಹಿಡಿಸಿದ್ರೆ ಒಂದು ಮಾತು ಮೊದಲೇ ಹೇಳ್ತೀನಿ. ಆ ಬೈಗುಳ ಇನ್ಮೇಲೆ ಡಬ್ಬಿಂಗಲ್ಲಿ ಬದಲಾಯಿಸೋದಿಲ್ಲ. ಕ್ಯಾಮೆರಾ ಮುಂದೇನೇ ಹೇಳಲ್ಲ.” ಅವರು ನೋಡೋಣ ಅಂದರು. ನೋಡೋಣ ಅಲ್ಲ ಮೇಡಂ, ಹೇಳಲ್ಲ ಅಂದೆ.

ಗಂಟಲು ನೋಯುತ್ತಿದೆ. ಹವಾ ಬದಲಾದದ್ದಕ್ಕಿರಬೇಕು.

ಮಾರ್ಚ್ 27, ಗುರುವಾರ

ಮಲಗಿದ್ದೆ. ಟೇಪು ಹಚ್ಚಿದ ಕಡೆ ಚರ್ಮ ಕೆಂಪಗಾಗಿದೆ. ಮೇಡಂ ಕಡೆಯಿಂದ ಏನೂ ಇಲ್ಲ. ಸೊಸೆಯ ಹುಡುಗಿ ಇವತ್ತೂ ಅತ್ತಳು, ಚೆನ್ನಾಗಿ ಅತ್ತಳು. ಹಾಗೆಂದು ಹೇಳಿದೆ.

ಮಾರ್ಚ್ 30, ಭಾನುವಾರ

ಸಂಜೆ ಐದೂವರೆ. ಹಗಲೆಲ್ಲ ಮನೆಯ ಕೆಲಸ. ಬೀರುವಿನ ಬಾಗಿಲು ನೋಡಲು ಬಡಗಿ ಬಂದಿದ್ದ. ಒಂದು ಮೊಳೆ ಬಡಿದು ಹೊರಟವನನ್ನು ನಿಲ್ಲಿಸಿ, “ಏನಪ್ಪಾ, ಇದನ್ನ ರಿಪೇರಿ ಅಂತೀಯಾ? ನನ್ನ ಕಾಗದದ ಚೂರೇ ಇದಕ್ಕಿಂತ ಚೆನ್ನಾಗಿ ಹಿಡ್ಕೊಂಡಿತ್ತು” ಅಂದೆ. ಗೊಣಗಿಕೊಂಡು ಕೀಲು ಬದಲಾಯಿಸಿದ. ಪಕ್ಕದ ಮನೆಯಾಕೆ ಹೊರಗೆ ಬಂದು, ನಿಮ್ಮ ಮನೇಲಿ ಯಾರೋ ಗಂಡಸರು ಮಾತಾಡಿದ ಹಾಗಾಯ್ತು ಅಂದಳು. ನಾನೇ ಅಂದೆ. ಅವಳಿಗೆ ನಾಚಿಕೆಯಾಗಿ ಬಾಳೆಹಣ್ಣು ಕೊಟ್ಟು ಹೋದಳು.

ಮಧ್ಯಾಹ್ನ ಮೇಡಂ ಫೋನು. “ಅಮ್ಮಾ, ಕೇಳಿದ್ವಿ. ನಿಜ ಹೇಳ್ಲಾ? ಮೊದಲ ಸಲ ಎಲ್ಲರೂ ಬೆಚ್ಚಿಬಿದ್ವಿ. ಎರಡನೇ ಸಲಕ್ಕೆ ಅಭ್ಯಾಸ ಆಯ್ತು. ದೊಡ್ಡಮ್ಮನ್ನ ಎಬ್ಬಿಸೋಣ. ಒಂದು ವಾರ ನೋಡ್ತೀವಿ, ಜನ ಒಪ್ಪದಿದ್ರೆ ಮತ್ತೆ ಮಲಗಿಸ್ತೀವಿ, ಆಗ ಬೇಜಾರು ಮಾಡ್ಕೋಬಾರ್ದು.”

“ಬೇಜಾರು ಆಗೇ ಆಗುತ್ತೆ ಮೇಡಂ. ಆದ್ರೂ ಆಗ್ಲಿ. ಆ ಪದ?”

“ತೆಗೆಸಿದ್ದೀನಿ.”

“ಕಂಪ್ಯೂಟರಲ್ಲಿರೋ ಧ್ವನಿ?”

“ಕಿವಿ ಮೊನ್ನೆನೇ ಅಳಿಸಿಬಿಟ್ನಂತೆ. ನಾನು ಹೇಳೋಕೂ ಮುಂಚೆ. ಅವನಿಗೆ ಬೈಬೇಕು ಅಂತಿದ್ದೆ.”

“ಬೈರಿ. ಅವನಿಗೆ ಬೈಯೋರಿಲ್ಲದೆ ಬಡವಾಗಿದ್ದಾನೆ” ಅಂದೆ. ಅವರು ನಕ್ಕರು.

ಅಕ್ಕನ ಮಗಳಿಗೆ ಫೋನ್ ಮಾಡಿ ಎಲ್ಲ ಹೇಳಿದೆ. ಅವಳು ಯಾವುದೋ ಉತ್ತರ ಪತ್ರಿಕೆ ತಿದ್ದುತ್ತಿದ್ದಳು, ತಿದ್ದುವುದು ಬಿಟ್ಟು ಕೇಳಿದಳು. ಫೋನ್ ಇಟ್ಟಾಗ ನನ್ನ ಕಿವಿ ಬೆಚ್ಚಗಾಗಿತ್ತು. ಅಕ್ಕ ಇಲ್ಲದ್ದು ಇವತ್ತೇನೂ ಕಡಿಮೆಯಾಗಲಿಲ್ಲ. ಬೀರು ಮಾತ್ರ ಮುಚ್ಚಿಕೊಳ್ಳುತ್ತಿದೆ.

ನಾಳೆ ಬೆಳಗ್ಗೆ ಒಂಬತ್ತಕ್ಕೆ ದೊಡ್ಡಮ್ಮ ಕಣ್ಣು ಬಿಡುತ್ತಾಳೆ. ಎಚ್ಚರವಾದವರು ಮೊದಲು ಏನು ಕೇಳುತ್ತಾರೆ ಎಂದು ಬರೆಯುವವರು ನರ್ಸನ್ನೇ ವಿಚಾರಿಸಿದರಂತೆ. ಹಾಗಾಗಿ ನಾಳೆಗೆ ನನಗಿರುವುದು ಒಂದೇ ಮಾತು: ನೀರು.